ಉಕ್ಕಿನೂರಿಗೆ ಹತ್ತಿಯ ಕಾರು

ಪೋಲೆಂಡಿನ ಹಿಂದಿನ ರಾಜಧಾನಿಯಾದ ಕ್ರಾಕೋವ್ ನಗರದ ಪೂರ್ವಕ್ಕೆ, ಹಳೆಯ ಪೇಟೆಯ ಚೌಕದಿಂದ ಸುಮಾರು 10 ಕಿಲೋಮೀಟರ್ ದೂರದಲ್ಲಿರುವ ನೋವಾ ಹುತಾ, ಎರಡನೆಯ ಮಹಾಯುದ್ಧದ ಬಳಿಕ ಅಧಿಕಾರಕ್ಕೆ ಬಂದ ಕಮ್ಯುನಿಸ್ಟ್ ಸರ್ಕಾರ ಹೊಲಗಳ ನಡುವೆ ಹೊಸದಾಗಿ ಕಟ್ಟಿಸಿದ ಕಾರ್ಮಿಕರ ಪಟ್ಟಣ. ಆ ಹೆಸರಿಗೆ ಪೋಲಿಷ್ ಭಾಷೆಯಲ್ಲಿ ‘ಹೊಸ ಉಕ್ಕಿನ ಕಾರ್ಖಾನೆ’ ಎಂದು ಅರ್ಥ. 1989ರಲ್ಲಿ ಆ ಆಡಳಿತ ಕೊನೆಗೊಂಡ ಮೇಲೂ ಬಹುಕಾಲ ಪ್ರವಾಸಿಗರು ಇತ್ತ ತಲೆಹಾಕುತ್ತಿರಲಿಲ್ಲವಾದರೂ, 2000ದ ದಶಕದಿಂದೀಚೆಗೆ ಇಲ್ಲಿ ಒಂದು ವಿಶಿಷ್ಟ ಬಗೆಯ ಪ್ರವಾಸ ರೂಢಿಗೆ ಬಂದಿದೆ. ಆ ಕಾಲದ್ದೇ ಆದ ಹಳೆಯ ಕಾರಿನಲ್ಲಿ, ಹೆಚ್ಚಾಗಿ ಪೂರ್ವ ಜರ್ಮನಿಯ ಟ್ರಬಾಂಟ್‌ನಲ್ಲಿ, ಇಬ್ಬರು ಮೂವರನ್ನು ಕೂರಿಸಿಕೊಂಡು, ಚಾಲಕನೇ ಮಾರ್ಗದರ್ಶಿಯೂ ಆಗಿ, ಆ ಕಾಲದ ಚೌಕ, ಕಾರ್ಖಾನೆ, ಮನೆಗಳು ಮತ್ತು ಚರ್ಚುಗಳನ್ನು ತೋರಿಸಿಕೊಂಡು ಬರುವುದು ಅದರ ಕ್ರಮ. ಬರ್ಲಿನ್ನಿನಲ್ಲಿ ಟ್ರಬಾಂಟ್‌ಗಳು ಸಾಲುಗಟ್ಟಿ ಗೋಡೆಯ ಅವಶೇಷಗಳತ್ತ ಹೊರಡುತ್ತವೆ. ವಾರ್ಸಾದಲ್ಲಿ ಹಳೆಯ ಪೋಲಿಷ್ ವ್ಯಾನುಗಳು 1955ರಲ್ಲಿ ಮುಗಿದ 237 ಮೀಟರ್ ಎತ್ತರದ ಸಂಸ್ಕೃತಿ ಮತ್ತು ವಿಜ್ಞಾನ ಅರಮನೆಯನ್ನು ಸುತ್ತಿಸುತ್ತವೆ. ಆದರೆ ವಾಹನಕ್ಕೂ ಊರಿಗೂ ಇರುವ ಒಳನಂಟು ನೋವಾ ಹುತಾದಲ್ಲಿ ಕಾಣುವಷ್ಟು ನಿಚ್ಚಳವಾಗಿ ಆ ನಗರಗಳಲ್ಲಿ ಕಾಣುವುದಿಲ್ಲ. ಏಕೆಂದರೆ ಇಲ್ಲಿ, ಉಕ್ಕಿನ ತಗಡು ಸಿಗದೆ ಹತ್ತಿಯಿಂದ ಮೈ ಮಾಡಿಸಿಕೊಂಡ ಕಾರು, ಉಕ್ಕಿಗಾಗಿಯೇ ಹುಟ್ಟಿದ ಊರಿನ ಬೀದಿಗಳಲ್ಲಿ ಓಡುತ್ತದೆ.

ಕೊರತೆಯ ಕೂಸು

ಟ್ರಬಾಂಟ್ ಪೂರ್ವ ಜರ್ಮನಿಯ ಸ್ವಿಕಾವ್ ಪಟ್ಟಣದ ಸರ್ಕಾರಿ ಕಾರ್ಖಾನೆಯಲ್ಲಿ 1957ರಿಂದ 1991ರವರೆಗೆ ತಯಾರಾದ ಸಣ್ಣ ಕಾರು. ಜರ್ಮನ್ ಭಾಷೆಯ ಈ ಪದಕ್ಕೆ ‘ಜೊತೆಗಾರ’ ಎಂದೂ ‘ಉಪಗ್ರಹ’ ಎಂದೂ ಅರ್ಥವಿದ್ದು, ಸೋವಿಯತ್ ಒಕ್ಕೂಟ ಸ್ಪುಟ್ನಿಕ್ ಉಡಾಯಿಸಿದ ವರ್ಷವೇ ಕಾರಿಗೂ ಆ ಹೆಸರು ಬಿದ್ದಿತು. ಒಟ್ಟು 30 ಲಕ್ಷಕ್ಕೂ ಹೆಚ್ಚು ಕಾರುಗಳು ಹೊರಬಂದವು. ಅವುಗಳಲ್ಲಿ ಬಹುಪಾಲು 1964ರಲ್ಲಿ ಬಂದ ‘601’ ಮಾದರಿಯವು. ಕಾರಿನ ಒಳ ಹಂದರ ಉಕ್ಕಿನದೇ ಆದರೂ, ಪಶ್ಚಿಮದ ದೇಶಗಳಿಂದ ತೆಳು ಉಕ್ಕಿನ ತಗಡನ್ನು ತರಿಸಿಕೊಳ್ಳುವುದು ಕಷ್ಟವಾಗಿದ್ದ ಕಾರಣ, ಬಾಗಿಲು, ಬಾನೆಟ್ಟು, ಚಾವಣಿ ಮೊದಲಾದ ಹೊರಭಾಗಗಳನ್ನು ಡ್ಯೂರೋಪ್ಲಾಸ್ಟ್ ಎಂಬ ವಸ್ತುವಿನಿಂದ ಮಾಡಲಾಯಿತು. ಸೋವಿಯತ್ ಒಕ್ಕೂಟದಿಂದ ಬರುತ್ತಿದ್ದ ಹತ್ತಿಯ ಗಿರಣಿ ತ್ಯಾಜ್ಯವನ್ನು ಪದರಪದರವಾಗಿ ಹರವಿ, ಫೀನಾಲ್ ರಾಳ ಸೇರಿಸಿ, ಕಾದ ಅಚ್ಚಿನಲ್ಲಿ ಒತ್ತಿದಾಗ ಬರುವ ಗಟ್ಟಿ ಹಲಗೆಯೇ ಡ್ಯೂರೋಪ್ಲಾಸ್ಟ್. ಅದಕ್ಕೆ ತುಕ್ಕು ಹಿಡಿಯುವ ಭಯವಿಲ್ಲ. ಬೆರಳಿನಿಂದ ತಟ್ಟಿದರೆ ಲೋಹದ ಠಣತ್ಕಾರ ಕೇಳದೆ ರಟ್ಟಿನ ಡಬ್ಬಿಯ ಮಂದ ಸದ್ದು ಕೇಳಿಸುವುದರಿಂದ ‘ರಟ್ಟಿನ ಕಾರು’ ಎಂಬ ಅಡ್ಡಹೆಸರು ಅದಕ್ಕೆ ಅಂಟಿಕೊಂಡಿತು.

ಕಾರಿನ ಒಳರಚನೆಯೂ ಅಷ್ಟೇ ಸರಳ. ಸುಮಾರು 600 ಕಿಲೋ ತೂಕದ ಈ ವಾಹನವನ್ನು ಎಳೆಯುವುದು ಎರಡು ಸಿಲಿಂಡರುಗಳ, ಗಾಳಿಯಿಂದ ತಂಪಾಗುವ, 600 ಸಿಸಿಗೆ ತುಸು ಕಡಿಮೆಯ ಟೂ ಸ್ಟ್ರೋಕ್ ಎಂಜಿನ್. ಅದರ ಶಕ್ತಿ 26 ಅಶ್ವಶಕ್ತಿ. ಟೂ ಸ್ಟ್ರೋಕ್ ಎಂದರೆ ಪಿಸ್ಟನ್ನಿನ ಎರಡೇ ಚಲನೆಗಳಲ್ಲಿ ಒಂದು ಸುತ್ತು ಮುಗಿಸುವ ಎಂಜಿನ್. ಕೀಲೆಣ್ಣೆಗೆ ಬೇರೆ ವ್ಯವಸ್ಥೆ ಇಲ್ಲದ ಕಾರಣ ಪೆಟ್ರೋಲಿಗೇ ಆಯಿಲ್ ಬೆರೆಸಬೇಕು, ಆ ಆಯಿಲ್ ಸುಟ್ಟು ನೀಲಿ ಹೊಗೆಯಾಗಿ ಹಿಂದಿನಿಂದ ಹೊರಬರುತ್ತದೆ. 1961ರಿಂದ ಮೈಸೂರಿನಲ್ಲಿ ಕಮ್ಯುನಿಸ್ಟ್ ಚೆಕೊಸ್ಲೊವಾಕಿಯಾದ ಪರವಾನಗಿಯಡಿ ತಯಾರಾಗುತ್ತಿದ್ದ ಜಾವಾ ಮೋಟಾರ್ ಸೈಕಲ್ ಓಡಿಸಿದವರಿಗೆ ಈ ಹೊಗೆಯೂ ವಾಸನೆಯೂ ಹೊಸದಲ್ಲ. ಟ್ರಬಾಂಟಿನ ಪೆಟ್ರೋಲ್ ಟ್ಯಾಂಕು ಬಾನೆಟ್ಟಿನ ಕೆಳಗೆ, ಎಂಜಿನ್ನಿಗಿಂತ ಮೇಲೆ ಕೂತಿರುವುದರಿಂದ ಇಂಧನ ತನ್ನ ಭಾರಕ್ಕೆ ತಾನೇ ಕೆಳಗಿಳಿಯುತ್ತದೆ, ಪಂಪಿನ ಅಗತ್ಯವಿಲ್ಲ. ಬಹುತೇಕ ಕಾರುಗಳಲ್ಲಿ ಇಂಧನದ ಮುಳ್ಳೂ ಇಲ್ಲದ ಕಾರಣ, ಚಾಲಕ ಬಾನೆಟ್ಟು ಎತ್ತಿ, ಟ್ಯಾಂಕಿನ ಮುಚ್ಚಳ ತೆಗೆದು, ಗುರುತು ಹಾಕಿದ ಕಡ್ಡಿಯೊಂದನ್ನು ಅದ್ದಿ, ತೊಯ್ದ ಗೆರೆ ನೋಡಿ ಎಷ್ಟು ಪೆಟ್ರೋಲ್ ಉಳಿದಿದೆ ಎಂದು ತಿಳಿಯುತ್ತಾನೆ. ಪ್ರವಾಸ ಹೊರಡುವ ಮುನ್ನ ಪ್ರವಾಸಿಗರಿಗೆ ತೋರಿಸುವ ಮೊದಲ ನೋಟಗಳಲ್ಲಿ ಇದೂ ಒಂದು. ಗೇರಿನ ಹಿಡಿ ಸ್ಟೀರಿಂಗ್ ಕಂಬದಲ್ಲೇ ಇದ್ದು, ಅದನ್ನು ಒತ್ತಿ, ಎಳೆದು, ಮೇಲೆ ಕೆಳಗೆ ಸರಿಸಿ ನಾಲ್ಕು ಗೇರುಗಳನ್ನು ಹಾಕಬೇಕಾಗುತ್ತದೆ. ಇಂಥ ಕಾರಿಗೂ ಪೂರ್ವ ಜರ್ಮನಿಯಲ್ಲಿ ಹೆಸರು ಬರೆಸಿ ಹತ್ತು ವರ್ಷಕ್ಕೂ ಮೀರಿ ಕಾಯಬೇಕಾಗಿತ್ತು. ಆದ್ದರಿಂದ ಕೈಗೆ ತಕ್ಷಣ ಸಿಗುವ ಹಳೆಯ ಕಾರಿಗೆ ಹೊಸ ಕಾರಿಗಿಂತ ಹೆಚ್ಚು ಬೆಲೆ ಕೇಳುವುದು ಅಲ್ಲಿ ಸಾಮಾನ್ಯವಾಗಿತ್ತು. ಪೋಲೆಂಡಿನವರದೇ ಆದ ಜನಪ್ರಿಯ ಕಾರು ಇಟಲಿಯ ಪರವಾನಗಿಯಡಿ 1973ರಿಂದ ತಯಾರಾದ, ಜನ ‘ಮಾಲುಖ್’ ಅಂದರೆ ‘ಪುಟ್ಟ’ ಎಂದು ಕರೆದ ಫಿಯಟ್ 126ಪಿ. ಪ್ರವಾಸಗಳಲ್ಲಿ ಅದನ್ನೂ ಬಳಸುವುದುಂಟು.

ನಕ್ಷೆಯಿಂದ ಇಳಿದ ಊರು

ನೋವಾ ಹುತಾದ ಮನೆಗಳಿಗೆ ಅಡಿಪಾಯ ಬಿದ್ದದ್ದು 1949ರಲ್ಲಿ. ಮೊಗಿವಾ, ಪ್ಲೆಶುಫ್ ಮೊದಲಾದ ಹಳ್ಳಿಗಳ ಫಲವತ್ತಾದ ಕಪ್ಪುಮಣ್ಣಿನ ಹೊಲಗಳು ಕಾರ್ಖಾನೆಯ ಪಾಲಾದವು. ಅದಿರು ಸೋವಿಯತ್ ಉಕ್ರೇನಿನಿಂದ, ಕಲ್ಲಿದ್ದಲು ಸಿಲೀಸಿಯಾದಿಂದ ಬರಬೇಕಾಗಿದ್ದ ಈ ಜಾಗದಲ್ಲಿ ಕಾರ್ಖಾನೆ ಸ್ಥಾಪಿಸಲು ಆರ್ಥಿಕ ಲೆಕ್ಕಾಚಾರದ ಜೊತೆಗೆ ರಾಜಕೀಯ ಲೆಕ್ಕಾಚಾರವೂ ಇತ್ತೆಂದು ಇತಿಹಾಸಕಾರರು ಹೇಳುತ್ತಾರೆ. ವಿಶ್ವವಿದ್ಯಾಲಯ, ಚರ್ಚು ಮತ್ತು ಹಳೆಯ ಮನೆತನಗಳ ನಗರವಾದ ಕ್ರಾಕೋವ್ ಹೊಸ ಆಡಳಿತಕ್ಕೆ ಒಲಿದಿರಲಿಲ್ಲ. ಅದರ ಮಗ್ಗುಲಲ್ಲೇ ಕಾರ್ಮಿಕರ ಊರೊಂದನ್ನು ಎಬ್ಬಿಸಿದರೆ ತೂಕ ಸರಿದೂಗುತ್ತದೆ ಎಂಬ ಎಣಿಕೆ ಇತ್ತು. 1951ರಲ್ಲಿ ಹೊಸ ಪಟ್ಟಣವನ್ನು ಕ್ರಾಕೋವ್ ನಗರಕ್ಕೇ ಸೇರಿಸಲಾಯಿತು.

ಮುಖ್ಯ ವಾಸ್ತುಶಿಲ್ಪಿ ತಾದೆಯುಶ್ ಪ್ತಾಶಿಟ್ಸ್‌ಕಿ ಅವರ ತಂಡ ರೂಪಿಸಿದ ನಕ್ಷೆಯಲ್ಲಿ, ಕೇಂದ್ರ ಚೌಕದಿಂದ ಐದು ಅಗಲ ರಸ್ತೆಗಳು ಬೀಸಣಿಗೆಯ ಕಡ್ಡಿಗಳಂತೆ ಹೊರಡುತ್ತವೆ. ಚೌಕದ ಕಟ್ಟಡಗಳಲ್ಲಿ ಕೆಳಗೆ ಕಮಾನುಗಳ ಸಾಲು, ಮೇಲೆ ಕಂಬಗಳ ಅಲಂಕಾರ, ಅಳತೆ ತಪ್ಪದ ಕಿಟಕಿಗಳು ಕಾಣುವುದರಿಂದ, ಕಮ್ಯುನಿಸ್ಟ್ ಕಟ್ಟಡವೆಂದರೆ ಬರೀ ಬೂದು ಕಾಂಕ್ರೀಟು ಎಂದುಕೊಂಡು ಬಂದವರಿಗೆ ಇಟಲಿಯ ಪುನರುಜ್ಜೀವನ ಕಾಲದ ನೆರಳು ಕಂಡು ಅಚ್ಚರಿಯಾಗುತ್ತದೆ. ಇದು ಸಮಾಜವಾದಿ ವಾಸ್ತವವಾದ ಎಂಬ ಅಧಿಕೃತ ಶೈಲಿ. ಕಟ್ಟಡದ ಹೂರಣ ಸಮಾಜವಾದಿಯಾಗಿರಬೇಕು, ಹೊರರೂಪ ಆಯಾ ದೇಶದ ಪರಂಪರೆಯದಾಗಿರಬೇಕು ಎಂಬುದು ಅದರ ಸೂತ್ರವಾಗಿದ್ದು, ಪೋಲೆಂಡಿನ ಪರಂಪರೆಯೆಂದರೆ ಕ್ರಾಕೋವಿನ ಪುನರುಜ್ಜೀವನ ಶೈಲಿ ಎಂದು ವಾಸ್ತುಶಿಲ್ಪಿಗಳು ಅರ್ಥಮಾಡಿಕೊಂಡರು. ನಕ್ಷೆಯಲ್ಲಿದ್ದ ಪುರಭವನ, ರಂಗಮಂದಿರ ಮತ್ತು ಸ್ಮಾರಕಸ್ತಂಭ ಮಾತ್ರ ಕೊನೆಗೂ ಏಳಲಿಲ್ಲ. ಚೌಕದ ದಕ್ಷಿಣ ದಿಕ್ಕು ಇಂದಿಗೂ ಬಾಯಿ ತೆರೆದುಕೊಂಡೇ ಇದ್ದು, ಅದರಾಚೆಗೆ ವಿಸ್ತುಲಾ ನದಿಯ ಕಡೆಯ ಹುಲ್ಲುಗಾವಲು ಹಬ್ಬಿದೆ. 1956ರ ಬಳಿಕ ಶೈಲಿಯ ಕಟ್ಟುಪಾಡು ಸಡಿಲಗೊಂಡಾಗ ಬಂದ ‘ಸ್ವೀಡಿಷ್ ಬ್ಲಾಕ್’ ಎಂಬ ಉದ್ದನೆಯ, ಅಲಂಕಾರವಿಲ್ಲದ ವಸತಿ ಕಟ್ಟಡವನ್ನೂ ಮಾರ್ಗದರ್ಶಿಗಳು ತಪ್ಪದೆ ತೋರಿಸುತ್ತಾರೆ.

ಈ ಕಟ್ಟಡಗಳನ್ನು ಎಬ್ಬಿಸಿದವರು ಹಳ್ಳಿಗಳಿಂದ ಬಂದ ಯುವಕ ಯುವತಿಯರು. 1935ರಲ್ಲಿ ಒಂದೇ ಪಾಳಿಯಲ್ಲಿ ಗೊತ್ತುಪಡಿಸಿದ್ದಕ್ಕಿಂತ ಹಲವು ಪಟ್ಟು ಕಲ್ಲಿದ್ದಲು ತೆಗೆದು ಹೆಸರಾದ ಸೋವಿಯತ್ ಗಣಿಗಾರ ಸ್ತಾಖಾನೊವನ ಮಾದರಿಯಲ್ಲಿ ಇಲ್ಲಿಯೂ ಕೆಲಸದ ಪೈಪೋಟಿಗಳು ನಡೆದವು. 1950ರಲ್ಲಿ ಪ್ಯೋತ್ರ್ ಓಜಾನ್‌ಸ್ಕಿ ಎಂಬ ಗಾರೆಕೆಲಸಗಾರನ ತಂಡ ಒಂದೇ ಪಾಳಿಯಲ್ಲಿ 30 ಸಾವಿರಕ್ಕೂ ಹೆಚ್ಚು ಇಟ್ಟಿಗೆ ಕಟ್ಟಿ ಸುದ್ದಿಯಾಯಿತು. ಆಂದ್ರೇ ವೈದಾ ನಿರ್ದೇಶಿಸಿದ ‘ಮ್ಯಾನ್ ಆಫ್ ಮಾರ್ಬಲ್’ ಚಿತ್ರದ ನಾಯಕನ ಕಲ್ಪನೆಯ ಹಿಂದೆ ಇದೇ ಕಾರ್ಮಿಕನ ಬದುಕಿದೆ.

ಕಾರ್ಖಾನೆಯ ಹೆಬ್ಬಾಗಿಲು

ಚೌಕದಿಂದ ಹಿಂದೆ ಲೆನಿನ್ ಹೆಸರಿದ್ದ, ಈಗ ಸಾಲಿಡಾರಿಟಿ ಕಾರ್ಮಿಕ ಸಂಘಟನೆಯ ಹೆಸರು ಹೊತ್ತ ರಸ್ತೆಯಲ್ಲಿ ನೇರ ಸಾಗಿದರೆ ಕಾರ್ಖಾನೆಯ ಹೆಬ್ಬಾಗಿಲು. ಅದರ ಎರಡೂ ಬದಿಯ ಆಡಳಿತ ಕಟ್ಟಡಗಳ ನೆತ್ತಿಯ ಮೇಲೆ ಕ್ರಾಕೋವಿನ ಹಳೆಯ ಬಟ್ಟೆಮಾರುಕಟ್ಟೆಯಲ್ಲಿರುವಂಥದೇ ಕೆತ್ತನೆಯ ಕೈಪಿಡಿಗೋಡೆ ಇರುವುದರಿಂದ ಊರ ಜನ ಅವುಗಳಿಗೆ ವೆನಿಸ್ಸಿನ ಅಧಿಪತಿಯ ಅರಮನೆಯ ಹೆಸರಿಟ್ಟಿದ್ದಾರೆ. ಕಟ್ಟಡಗಳ ಅಡಿಯಲ್ಲಿ ಅಣುದಾಳಿಯ ವೇಳೆ ಆಡಳಿತ ನಡೆಸಲೆಂದು ಕಟ್ಟಿದ ಆಶ್ರಯಕೋಣೆಗಳಿವೆ; ಇಡೀ ಪಟ್ಟಣದ ಮನೆ, ಶಾಲೆ, ಆಸ್ಪತ್ರೆಗಳ ಕೆಳಗೆ ಇಂಥವು ಇನ್ನೂರಕ್ಕೂ ಹೆಚ್ಚಿದ್ದು, ಹಿಂದಿನ ಸ್ವ್ಯಾತೊವಿದ್ ಚಿತ್ರಮಂದಿರದ ಕೆಳಗಿನದನ್ನು ಈಗ ಅಲ್ಲಿರುವ ವಸ್ತುಸಂಗ್ರಹಾಲಯದಲ್ಲಿ ನೋಡಬಹುದು.

1954ರಲ್ಲಿ ಮೊದಲ ಊದುಕುಲುಮೆ ಹೊತ್ತಿದಾಗ ಕಾರ್ಖಾನೆಗೆ ಲೆನಿನ್ ಹೆಸರಿಡಲಾಯಿತು. 1970ರ ದಶಕದ ಉತ್ತರಾರ್ಧದಲ್ಲಿ ಅದು ವರ್ಷಕ್ಕೆ 60 ಲಕ್ಷ ಟನ್ನಿಗೂ ಮೀರಿ ಉಕ್ಕು ತೆಗೆಯುತ್ತಿತ್ತು, ಸುಮಾರು 38 ಸಾವಿರ ಮಂದಿ ಅಲ್ಲಿ ದುಡಿಯುತ್ತಿದ್ದರು. ಕ್ರಾಕೋವಿನ ಹಳೆಯ ಕಲ್ಲಿನ ಕಟ್ಟಡಗಳ ಮೇಲೆ ಕೂತ ಮಸಿಗೂ ಅದರ ಕೊಡುಗೆ ಇತ್ತು. 1990ರಲ್ಲಿ ಕಾರ್ಖಾನೆಗೆ ತಾದೆಯುಶ್ ಸೆಂಜಿಮಿರ್ ಎಂಬ ಪೋಲಿಷ್ ಎಂಜಿನಿಯರನ ಹೆಸರು ಬಂತು. ಉಕ್ಕಿನ ತಗಡಿಗೆ ಸತುವಿನ ಲೇಪ ಕೊಡುವ ನಿರಂತರ ವಿಧಾನವನ್ನೂ, ಉಕ್ಕನ್ನು ಕಾಯಿಸದೆ ತೀರ ತೆಳುವಾಗಿ ಲಟ್ಟಿಸುವ ಯಂತ್ರವನ್ನೂ ರೂಪಿಸಿದವನು ಈತ. ಯಾವ ತೆಳು ತಗಡು ಸಿಗದೆ ಸ್ವಿಕಾವಿನ ಎಂಜಿನಿಯರುಗಳು ಹತ್ತಿಯ ಮೊರೆಹೋಗಿದ್ದರೋ ಆ ತಗಡಿನ ಜಾಣನ ಹೆಸರಿನ ಕೆಳಗೆ ಟ್ರಬಾಂಟ್ ನಿಂತು ಫೋಟೊ ತೆಗೆಸಿಕೊಳ್ಳುತ್ತದೆ. 2000ದ ದಶಕದಲ್ಲಿ ಕಾರ್ಖಾನೆ ರಾಜಸ್ಥಾನ ಮೂಲದ ಉದ್ಯಮಿ ಲಕ್ಷ್ಮಿ ಮಿತ್ತಲ್ ಅವರ ಕಂಪನಿಯ ಕೈಸೇರಿತು. 2019ರ ಕೊನೆಯಲ್ಲಿ ಆರಿಸಿದ ಊದುಕುಲುಮೆಯನ್ನು ಇನ್ನು ಹೊತ್ತಿಸುವುದಿಲ್ಲವೆಂದು 2020ರಲ್ಲಿ ಪ್ರಕಟಿಸಲಾಗಿದ್ದು, ತಗಡು ತಯಾರಿಕೆಯ ವಿಭಾಗಗಳಲ್ಲಷ್ಟೇ ಮುಖ್ಯವಾಗಿ ಕೆಲಸ ನಡೆದಿದೆ.

ಇಲ್ಲದ ಪ್ರತಿಮೆ, ನಕ್ಷೆಯಲ್ಲಿರದ ಚರ್ಚು

ಗುಲಾಬಿ ರಸ್ತೆ ಎಂಬ ಹೆಸರಿನ ಅಗಲ ಬೀದಿಯಲ್ಲಿ ಕಾರು ನಿಲ್ಲಿಸಿ ಮಾರ್ಗದರ್ಶಿ ತೋರಿಸುವುದು ಒಂದು ಖಾಲಿ ಜಾಗವನ್ನು. 1973ರಲ್ಲಿ ಇಲ್ಲಿ ಶಿಲ್ಪಿ ಮಾರ್ಯಾನ್ ಕೊನ್ಯೆಚ್ನಿ ಮಾಡಿದ ಲೆನಿನ್ನನ ಬೃಹತ್ ಪ್ರತಿಮೆ ನಿಂತಿತು. 1979ರಲ್ಲಿ ಯಾರೋ ಇಟ್ಟ ಬಾಂಬು ಅದರ ಪಾದಕ್ಕೆ ಹಾನಿ ಮಾಡಿತಷ್ಟೆ. 1989ರ ಡಿಸೆಂಬರಿನಲ್ಲಿ ಕ್ರೇನು ತಂದು ಕಿತ್ತೊಯ್ದ ಮೇಲೆ ಅದು ಸ್ವೀಡನ್ನಿನ ವಿನೋದ ಉದ್ಯಾನವೊಂದಕ್ಕೆ ಮಾರಾಟವಾಯಿತು.

ಯೋಜಕರ ನಕ್ಷೆಯಲ್ಲಿ ಚರ್ಚಿಗೆ ಜಾಗವಿರಲಿಲ್ಲ. 1956ರ ಬಳಿಕ ಒಪ್ಪಿಗೆ ಸಿಕ್ಕು ಜನ ಶಿಲುಬೆ ನೆಟ್ಟ ಜಾಗದಲ್ಲಿ ಶಾಲೆ ಕಟ್ಟುವುದಾಗಿ ಸರ್ಕಾರ ಮಾತು ಬದಲಿಸಿ, 1960ರ ಏಪ್ರಿಲ್ 27ರಂದು ಶಿಲುಬೆ ಕೀಳಲು ಕೆಲಸಗಾರರನ್ನು ಕಳಿಸಿದಾಗ, ಹೆಂಗಸರು ಅಡ್ಡನಿಂತರು. ಸಂಜೆಯ ಹೊತ್ತಿಗೆ ಅದು ಪೊಲೀಸರೊಂದಿಗಿನ ಬೀದಿಕಾಳಗವಾಯಿತು. ಮುಂದೆ ಬೇರೆ ಕಡೆ ಅನುಮತಿ ಸಿಕ್ಕಿ, 1967ರಲ್ಲಿ ಆರಂಭವಾಗಿ ಹತ್ತು ವರ್ಷದಲ್ಲಿ ಮುಗಿದದ್ದು ‘ಪ್ರಭುವಿನ ನಾವೆ’ ಎಂಬ ಚರ್ಚು. ವಾಸ್ತುಶಿಲ್ಪಿ ವೊಯ್ಚೆಖ್ ಪ್ಯೆತ್‌ಶಿಕ್ ಅದಕ್ಕೆ ದೋಣಿಯ ಆಕಾರವನ್ನೂ ನಡುವೆ ಹಾಯಿಕಂಬದಂತೆ ಏಳುವ ಶಿಲುಬೆಯನ್ನೂ ಕೊಟ್ಟರು. ಹೊರಗೋಡೆಗೆ ಮೆತ್ತಿರುವ ಸುಮಾರು 20 ಲಕ್ಷ ನದಿಯ ಬೆಣಚುಗಲ್ಲುಗಳನ್ನು ಭಕ್ತರೇ ಆಯ್ದು ತಂದರು. 1977ರ ಮೇ 15ರಂದು ಅದನ್ನು ಪ್ರತಿಷ್ಠಾಪಿಸಿದವರು ಮರುವರ್ಷ ಪೋಪ್ ಎರಡನೆಯ ಜಾನ್ ಪಾಲ್ ಆದ, ಕ್ರಾಕೋವಿನ ಅಂದಿನ ಆರ್ಚ್‌ಬಿಷಪ್ ಕಾರೊಲ್ ವೊಯ್ತಿವಾ. ಮುಂದೆ ಕಮ್ಯುನಿಸ್ಟ್ ಸರ್ಕಾರ ದೇಶದ ಮೇಲೆ ಹೇರಿದ ಸೇನಾಡಳಿತದ ದಿನಗಳಲ್ಲಿ ಈ ಚರ್ಚಿನಿಂದಲೇ ಮೆರವಣಿಗೆಗಳು ಹೊರಡುತ್ತಿದ್ದವು. 1982ರ ಅಕ್ಟೋಬರ್ 13ರಂದು ಬೋಗ್ದಾನ್ ವ್ವೊಶಿಕ್ ಎಂಬ ಇಪ್ಪತ್ತರ ಕಾರ್ಮಿಕ ಗುಪ್ತಪೊಲೀಸ್ ಅಧಿಕಾರಿಯ ಗುಂಡಿಗೆ ಬಲಿಯಾದ ಜಾಗದ ಸಮೀಪ ಸ್ಮಾರಕವಿದೆ. ಇಲ್ಲಿಗೆ ಬರುವ ಹೊತ್ತಿಗೆ ಮಾರ್ಗದರ್ಶಿಯ ತಮಾಷೆಯ ಧಾಟಿ ತಾನಾಗಿಯೇ ತಗ್ಗುತ್ತದೆ.

ಕಾರಿನಿಂದ ಇಳಿದ ಮೇಲೆ

ಹಿಂದಿನ ಪೂರ್ವ ಜರ್ಮನಿಯ ನೆನಪಿಗಾಗಿ ಹಂಬಲಿಸುವುದಕ್ಕೆ ಜರ್ಮನರು ‘ಓಸ್ತಾಲ್ಗಿ’ ಎನ್ನುತ್ತಾರೆ. ಹಳೆಯ ಪೀಠೋಪಕರಣ ಜೋಡಿಸಿದ ಮನೆ, ವೋಡ್ಕಾದ ಜೊತೆ ಉಪ್ಪಿನಲ್ಲಿ ಹಾಕಿದ ಸೌತೆಕಾಯಿ, ‘ಹಾಲಿನ ಹೋಟೆಲು’ ಎಂಬರ್ಥದ ಹೆಸರಿನ ಅಗ್ಗದ ಊಟದ ಮನೆಯಲ್ಲಿ ಪಿಯೆರೋಗಿ ಎಂಬ ಕಡುಬು, ಇವೆಲ್ಲ ಸೇರಿದ ಪ್ರವಾಸ ಆ ಹಂಬಲವನ್ನೇ ಮಾರುತ್ತದೆಂಬ, ಜನ ಬಾಳುತ್ತಿರುವ ಊರನ್ನು ಮೃಗಾಲಯದಂತೆ ತೋರಿಸುತ್ತದೆಂಬ ಟೀಕೆ ಇದೆ. ಅದರಲ್ಲಿ ನಿಜವಿದೆ, ಆದರೆ 2004ರಲ್ಲಿ ಪಟ್ಟಣದ ಹಳೆಯ ಭಾಗ ಸಂರಕ್ಷಿತ ಸ್ಮಾರಕಗಳ ಪಟ್ಟಿಗೆ ಸೇರಿದ ಮೇಲೆ ಊರಿನ ಬಗ್ಗೆ ಇತರರಿಗಿದ್ದ ತಾತ್ಸಾರ ಕಡಿಮೆಯಾಗುವುದರಲ್ಲಿ ಈ ಕಾರುಗಳ ಪಾಲೂ ಇಲ್ಲದಿಲ್ಲ.

ಕಾರಿನ ಕಿಟಕಿಯಿಂದ ಕಾಣುವುದು ಆಡಳಿತ ತನ್ನ ಹಿರಿಮೆಗಾಗಿ ಕಟ್ಟಿಸಿದ ಚೌಕ, ಬಾಗಿಲು, ರಸ್ತೆಗಳಾದರೆ, ಯೋಜಕರ ನಿಜವಾದ ಜಾಣ್ಮೆ ಇರುವುದು ರಸ್ತೆಯ ಹಿಂಬದಿಯಲ್ಲಿ. ಪಟ್ಟಣವನ್ನು ‘ಓಶೆಡ್ಲೆ’ ಎಂಬ ವಸತಿ ಘಟಕಗಳಾಗಿ ಒಡೆದು, ಪ್ರತಿ ಘಟಕದೊಳಗೇ ಶಿಶುವಿಹಾರ, ಶಾಲೆ, ಅಂಗಡಿಗಳನ್ನು ಇಟ್ಟದ್ದರಿಂದ ಮಕ್ಕಳು ದೊಡ್ಡ ರಸ್ತೆ ದಾಟದೆ ಶಾಲೆಗೆ ಹೋಗಿ ಬರಬಹುದು. ಇಲ್ಲಿನ ವಿಳಾಸಗಳಲ್ಲಿ ಇಂದಿಗೂ ಬೀದಿಯ ಹೆಸರಿಗಿಂತ ಓಶೆಡ್ಲೆಯ ಹೆಸರೂ ಕಟ್ಟಡದ ಸಂಖ್ಯೆಯೂ ಮುಖ್ಯ. ಹಾಗಾಗಿ ಒಳ್ಳೆಯ ಮಾರ್ಗದರ್ಶಿ ಕಮಾನಿನ ಬಳಿ ಎಂಜಿನ್ ಆರಿಸಿ ಪ್ರವಾಸಿಗರನ್ನು ಒಳಗೆ ನಡೆಸಿಕೊಂಡು ಹೋಗುತ್ತಾನೆ. ಒಳಗೆ, ಮೊದಲ ತಲೆಮಾರಿನವರು ನೆಟ್ಟ ಮರಗಳು ಮನೆಗಳ ಚಾವಣಿಯನ್ನು ಮೀರಿ ಬೆಳೆದಿವೆ, ಅವುಗಳ ನೆರಳಿನ ಬೆಂಚುಗಳಲ್ಲಿ ಮುದುಕಿಯರು ಕೂತಿರುತ್ತಾರೆ, ಹೊರಗೆ ಬಿಟ್ಟುಬಂದ ನೀಲಿ ಹೊಗೆಯ ವಾಸನೆ ಅಲ್ಲಿಯವರೆಗೆ ಬರುವುದಿಲ್ಲ.