ಕುಮಾರಪರ್ವತದ ಬುಡದಲ್ಲಿ ಬೆಳೆದ ತೃಪ್ತಿ

ಇದ್ದುದರಲ್ಲಿ ಸುಖವಾಗಿರುವವನ ಹಾಡಿಗೆ ಎಲ್ಲ ದೇಶಗಳಲ್ಲೂ ಕೇಳುಗರಿದ್ದಾರೆ. ಹೊಲಮನೆಯ ಬದುಕೇ ತನಗೆ ಸಾಕೆನ್ನುವ ‘ಥ್ಯಾಂಕ್ ಗಾಡ್ ಐ ಆಮ್ ಎ ಕಂಟ್ರಿ ಬಾಯ್’ ಹಾಡನ್ನು ಜಾನ್ ಡೆನ್ವರ್ ಹಾಡಿದಾಗ, 1975ರಲ್ಲಿ ಅಮೆರಿಕದ ಜನಪ್ರಿಯ ಹಾಡುಗಳ ಪಟ್ಟಿಯಲ್ಲಿ ಅದು ಮೊದಲ ಸ್ಥಾನಕ್ಕೇರಿತು. ನಮ್ಮ ಪುತ್ತೂರು, ಸುಳ್ಯ, ಕಡಬದ ಸೀಮೆಗೆ ಅದೇ ಭಾವ ಅದಕ್ಕಿಂತ ಮೂರು ದಶಕ ಮೊದಲೇ ಒಲಿದಿತ್ತು, ಕಾದಂಬರಿಯಾಗಿ. ಶಿವರಾಮ ಕಾರಂತರ ‘ಬೆಟ್ಟದ ಜೀವ’ ಬಂದದ್ದು 1943ರಲ್ಲಿ.

ಕಾರಂತರು ಕಡಲ ಕಡೆಯವರು. 1902ರಲ್ಲಿ ಕೋಟದಲ್ಲಿ ಹುಟ್ಟಿದವರು. ಗಾಂಧೀಜಿಯ ಕರೆಗೆ ಓಗೊಟ್ಟು ಕಾಲೇಜು ಬಿಟ್ಟರು, ಮುಂದೆ ಪುತ್ತೂರಿನಲ್ಲಿ ನೆಲೆ ನಿಂತರು. ಪರ್ಲಡ್ಕದ ಬಾಲವನದಲ್ಲಿ ಮಕ್ಕಳ ಶಿಕ್ಷಣ, ನಾಟಕ, ನೃತ್ಯ, ಪುಸ್ತಕ ಎಂದು ಅವರ ಕೈಗೆ ಬಿಡುವೇ ಇರಲಿಲ್ಲ. ಪುತ್ತೂರಿನಿಂದ ಮೂಡಣಕ್ಕೆ ಹೊರಟರೆ ಬಯಲು ಮುಗಿದು ಘಟ್ಟ ಎದುರಾಗುತ್ತದೆ. ಬೆಟ್ಟದವರಿಗೆ ದಿನನಿತ್ಯದ ಮಾತಾಗಿದ್ದ ಕಾಡು, ತೋಡು, ಆನೆಯ ಕಾಟ ಕಡಲೂರಿನ ಈ ಕಣ್ಣಿಗೆ ಹೊಸದಾಗಿಯೇ ಕಂಡಿರಬೇಕು. ಕಾದಂಬರಿಯ ಒಂದೊಂದು ಪುಟದಲ್ಲೂ ಆ ಬೆರಗು ಉಳಿದಿದೆ.

ಕಥೆಯೆಂದರೆ ಇಷ್ಟೇ: ಕುಮಾರಪರ್ವತದ ಬುಡದ ಸುಬ್ರಹ್ಮಣ್ಯದಿಂದ ಪಂಜದತ್ತ ಹೊರಟ ಶಿವರಾಮಯ್ಯನಿಗೆ ದಾರಿ ತಪ್ಪುತ್ತದೆ. ದೇರಣ್ಣ, ಬಟ್ಯ ಎಂಬಿಬ್ಬರು ಅವನನ್ನು ಕೆಳಬೈಲಿನ ಗೋಪಾಲಯ್ಯನವರ ಮನೆ ಸೇರಿಸುತ್ತಾರೆ. ಗುರುತಿಲ್ಲದ ಅತಿಥಿಗೆ ಎಣ್ಣೆ, ಬಿಸಿನೀರು, ಊಟ; ಹೊರಡುತ್ತೇನೆಂದರೆ ಬಿಡುವುದಿಲ್ಲ. ಮುದುಕ ಕಾಡು ಕಡಿದು ತೋಟ ಎಬ್ಬಿಸಿದವರು. ಅಡಿಕೆ ಸಸಿ ಫಲ ಕೊಡಲು ವರ್ಷಗಟ್ಟಲೆ ಕಾಯಬೇಕು, ಬೇಸಿಗೆಯಲ್ಲಿ ನೀರು ತಿರುಗಿಸಬೇಕು, ಮಳೆಗಾಲದಲ್ಲಿ ಕೊಳೆರೋಗಕ್ಕೆ ಹೆದರಬೇಕು. ಇಂಥ ಬೆಳೆ ನೆಚ್ಚಿದವರ ತೃಪ್ತಿ ಕೈಕಟ್ಟಿ ಕುಳಿತವರ ತೃಪ್ತಿಯಾಗಲಾರದು.

ಆ ನಗುಮಾತಿನ ಮನೆಯಲ್ಲೊಂದು ನೋವಿದೆ. ಮಗ ಶಂಭು ಮನೆ ಬಿಟ್ಟು ಹೋಗಿದ್ದಾನೆ. ತಾಯಿ ಶಂಕರಮ್ಮ ದಾರಿ ಕಾಯುತ್ತಲೇ ಇದ್ದಾರೆ. ಗೋಪಾಲಯ್ಯ ಆ ದುಃಖವನ್ನು ಒಳಗಿಟ್ಟುಕೊಂಡು ಹೆಂಡತಿಯನ್ನು ರೇಗಿಸುತ್ತಾರೆ, ನಗಿಸುತ್ತಾರೆ. ಕಟ್ಟದಮೂಲೆಯಲ್ಲಿ ತೋಟ ಮಾಡಿಕೊಂಡಿರುವ ನಾರಾಯಣನ ಸಂಸಾರವನ್ನು ತಮ್ಮದೆಂದೇ ನೋಡಿಕೊಳ್ಳುತ್ತಾರೆ. ಕೊರತೆಯ ನಡುವೆಯೂ ಉಳಿಯುವ ಈ ನೆಮ್ಮದಿಯ ಚಿತ್ರಣವೇ ಕಾರಂತರ ದೊಡ್ಡ ಸಾಧನೆ ಎಂದು ನಾನು ನಂಬಿದ್ದೇನೆ.

ಆದರೂ ಈ ಕಾದಂಬರಿಯೊಂದನ್ನೇ ಓದಿ ನಿಲ್ಲಿಸಬಾರದು. ಹತ್ತು ವರ್ಷ ಮೊದಲು, 1933ರಲ್ಲಿ, ಇದೇ ಲೇಖಕರು ‘ಚೋಮನ ದುಡಿ’ ಬರೆದಿದ್ದರು. ಚೋಮನೂ ದುಡಿಯುವವನೇ, ಸ್ವಂತಕ್ಕೆ ಉಳಲು ತುಂಡು ಗದ್ದೆ ಬೇಕೆಂಬ ಅವನ ಆಸೆ ಮಾತ್ರ ಕೈಗೂಡಲಿಲ್ಲ, ಅವನ ಜಾತಿ ಅಡ್ಡ ಬಂತು. ಗೋಪಾಲಯ್ಯನವರ ಕಾಲ ಕೆಳಗೆ ನೆಲವಿತ್ತು. ಕಾರಂತರ ಕಣ್ಣು ಇಬ್ಬರನ್ನೂ ಕಂಡಿತ್ತು.

‘ಬೆಟ್ಟದ ಜೀವ’ವನ್ನು ಆಧರಿಸಿದ ಪಿ. ಶೇಷಾದ್ರಿಯವರ ಸಿನಿಮಾದಲ್ಲಿ ದತ್ತಾತ್ರೇಯ ಗೋಪಾಲಯ್ಯನಾದರು. ಪರಿಸರ ಸಂರಕ್ಷಣೆಯ ವಿಭಾಗದಲ್ಲಿ ಅದಕ್ಕೆ ರಾಷ್ಟ್ರಪ್ರಶಸ್ತಿ ಬಂತು. ನನ್ನನ್ನು ಕಾಡುವುದು ಮಾತ್ರ ಮಗನ ದಾರಿ ಕಾಯುವ ಆ ಮುದಿ ದಂಪತಿ. ಸುಬ್ರಹ್ಮಣ್ಯ ಈಗ ಕಡಬ ತಾಲ್ಲೂಕಿನಲ್ಲಿದೆ, ರಸ್ತೆಗಳು ತೋಟದವರೆಗೂ ಬಂದಿವೆ. ಮಕ್ಕಳು ಬೆಂಗಳೂರಿನಲ್ಲಿ, ಅಪ್ಪ ಅಮ್ಮ ತೋಟದಲ್ಲಿ ಎಂಬ ಮನೆಗಳು ಈ ಸೀಮೆಯಲ್ಲಿ ಈಗಲೂ ಬೇಕಾದಷ್ಟಿವೆ.