ನಗುವಿನ ಪುಸ್ತಕ ಬಚ್ಚಿಟ್ಟ ಮಠ

ಪತ್ತೇದಾರಿ ಕಥೆಗಳಲ್ಲಿ ಕೊಲೆ ನಡೆಯುವುದು ಸಾಮಾನ್ಯವಾಗಿ ಹಣಕ್ಕೆ, ಆಸ್ತಿಗೆ ಅಥವಾ ಹಗೆಗೆ. ಒಂದು ಪುಸ್ತಕವನ್ನು ಯಾರೂ ಓದಬಾರದು ಎಂಬ ಹಟಕ್ಕೆ ಜನ ಸತ್ತರೆ? ಇಟಲಿಯ ಪ್ರಾಧ್ಯಾಪಕ ಉಂಬರ್ಟೊ ಎಕೋ 1980ರಲ್ಲಿ ಪ್ರಕಟಿಸಿದ ‘ದಿ ನೇಮ್ ಆಫ್ ದಿ ರೋಸ್’ ಕಾದಂಬರಿಯ ಕಥೆ ಇದೇ.

ಕಾಲ 1327ರ ನವೆಂಬರ್. ಉತ್ತರ ಇಟಲಿಯ ಬೆಟ್ಟದ ಮೇಲೊಂದು ಕ್ರೈಸ್ತ ಮಠ. ಬಾಸ್ಕರ್‌ವಿಲ್‌ನ ವಿಲಿಯಂ ಎಂಬ ಸನ್ಯಾಸಿ ತನ್ನ ಕಿರಿಯ ಶಿಷ್ಯ ಆಡ್ಸೋನೊಂದಿಗೆ ಅಲ್ಲಿಗೆ ಬರುತ್ತಾನೆ. (ಶೆರ್ಲಾಕ್ ಹೋಮ್ಸ್ ಓದಿದವರಿಗೆ ಆ ಊರಿನ ಹೆಸರು ಗೊತ್ತಿರುತ್ತದೆ.) ಅಷ್ಟರಲ್ಲೇ ಒಬ್ಬ ಸನ್ಯಾಸಿ ಸತ್ತಿದ್ದಾನೆ. ಏಳು ದಿನಗಳಲ್ಲಿ ಇನ್ನೂ ಹಲವರು ಸಾಯುತ್ತಾರೆ. ಕೆಲವರ ಬೆರಳು, ನಾಲಿಗೆ ಕಪ್ಪಾಗಿವೆ. ಸುಳಿವುಗಳೆಲ್ಲ ಹೋಗಿ ನಿಲ್ಲುವುದು ಚಕ್ರವ್ಯೂಹದಂತಹ ಗ್ರಂಥಾಲಯದ ಬಾಗಿಲಲ್ಲಿ. ಗ್ರಂಥಪಾಲಕ ಮತ್ತು ಅವನ ಸಹಾಯಕನ ಹೊರತು ಅದರೊಳಗೆ ಯಾರಿಗೂ ಪ್ರವೇಶವಿಲ್ಲ.

ಅಲ್ಲಿ ಅಡಗಿರುವುದು ಅರಿಸ್ಟಾಟಲ್ ಹಾಸ್ಯದ ಬಗ್ಗೆ ಬರೆದ ಗ್ರಂಥ. ಅದು ನಿಜವಾಗಿಯೂ ಕಳೆದುಹೋಗಿದೆ. ಅವನ ಕಾವ್ಯಮೀಮಾಂಸೆಯ ಮೊದಲ ಭಾಗವಷ್ಟೇ ಇಂದು ಉಳಿದಿದೆ. ನಗು ಕಲಿತವನು ಭಯ ಬಿಡುತ್ತಾನೆ, ಭಯ ಬಿಟ್ಟವನು ದೇವರನ್ನೂ ಬಿಡುತ್ತಾನೆ ಎಂಬುದು ಬಚ್ಚಿಟ್ಟವನ ವಾದ. ವಿಲಿಯಂ ಪ್ರಕಾರ, ನಗಲಾರದ, ಎಂದೂ ಸಂಶಯಪಡದ ನಂಬಿಕೆಯೇ ಅಪಾಯ. ಇಬ್ಬರೂ ಧರ್ಮಿಷ್ಠರೇ ಎಂಬುದನ್ನು ಮರೆಯಬೇಡಿ. ಅದಕ್ಕೇ ಈ ಜಗಳಕ್ಕೆ ತೂಕವಿದೆ.

ನನಗೆ ಬಹಳ ಹಿಡಿಸಿದ್ದು ಇನ್ನೊಂದು ಪ್ರಸಂಗ. ಹುಡುಕಾಟದ ನಡುವೆ ಆ ಪುಸ್ತಕ ಒಮ್ಮೆ ಇವರ ಕೈಗೇ ಸಿಗುತ್ತದೆ. ತೆರೆದರೆ ಅರಬಿ ಅಕ್ಷರ! ಬೇಕಿರುವುದು ಗ್ರೀಕ್ ಪುಸ್ತಕವಲ್ಲವೇ ಎಂದು ಬಿಟ್ಟುಬಿಡುತ್ತಾರೆ. ಆ ಕಾಲದಲ್ಲಿ ಬೇರೆ ಬೇರೆ ಹಸ್ತಪ್ರತಿಗಳನ್ನು ಒಂದೇ ರಟ್ಟಿನೊಳಗೆ ಹೊಲಿಯುತ್ತಿದ್ದರು. ಮೊದಲನೆಯದು ಅರಬಿ, ಒಳಗೆ ಗ್ರೀಕ್ ಇತ್ತು.

ಇತಿಹಾಸದಲ್ಲೂ ಅರಿಸ್ಟಾಟಲ್ ಯುರೋಪಿಗೆ ಹಲವು ಸಲ ಅರಬಿಯ ಮೂಲಕವೇ ತಲುಪಿದ. ಕೊರ್ಡೋಬಾದ ಇಬ್ನ್ ರುಶ್ದ್ (1126–1198) ಆ ಕಾವ್ಯಮೀಮಾಂಸೆಗೆ ಬರೆದ ವ್ಯಾಖ್ಯಾನ 1256ರಲ್ಲಿ ಟೊಲೆಡೊದಲ್ಲಿ ಲ್ಯಾಟಿನ್‌ಗೆ ಅನುವಾದವಾಯಿತು. ಗ್ರೀಕ್ ನಾಟಕವನ್ನೇ ಕಾಣದ ಅವರು ದುರಂತ ನಾಟಕವನ್ನು ಹೊಗಳಿಕೆಯ ಕವಿತೆ, ಹಾಸ್ಯ ನಾಟಕವನ್ನು ನಿಂದೆಯ ಕವಿತೆ ಎಂದು ವಿವರಿಸಿದರು. ತಪ್ಪೇ ಸರಿ, ಆದರೂ ಮಧ್ಯಯುಗದ ಯುರೋಪ್ ಆ ಗ್ರಂಥವನ್ನು ಹೆಚ್ಚಾಗಿ ತಿಳಿದದ್ದು ಈ ವ್ಯಾಖ್ಯಾನದಿಂದಲೇ.

1986ರಲ್ಲಿ ಶಾನ್ ಕಾನರಿ ನಟಿಸಿದ ಸಿನಿಮಾವೂ ಬಂತು. ಮೊದಲು ಪುಸ್ತಕ ಓದಿ. ಆರಂಭದ ನೂರು ಪುಟ ಕಷ್ಟ. ಕಡಿಮೆ ಮಾಡಿ ಎಂದವರ ಮಾತನ್ನು ಎಕೋ ಕೇಳಲಿಲ್ಲ. ಬೆಟ್ಟ ಹತ್ತುವವನು ಮೊದಲು ಉಸಿರು ಹಿಡಿಯುವುದನ್ನು ಕಲಿಯಲಿ ಎಂಬುದು ಅವರ ಲೆಕ್ಕ.