ಊರ ಹೆಸರಿನಲ್ಲೊಂದು ಹೂಮರ

ಕೊರಿಯಾ ದೇಶದ ಮುಖಲೇಪನಗಳಿಗೆ ನಮ್ಮ ನಗರಗಳ ತರುಣಿಯರು ಮನಸೋತಿರುವ ಕಾಲವಿದು. ಆ ಡಬ್ಬಿಗಳ ಮೇಲೆ ‘ಸಿಕಾ’ ಎಂದು ಮೆರೆಯುವ ಮೂಲಿಕೆ ಬೇರೆ ಯಾವುದೂ ಅಲ್ಲ, ಮಲೆನಾಡಿನ ಗೃಹಿಣಿ ತಂಬುಳಿಗೆ ಅರೆಯುವ ಒಂದೆಲಗವೇ! ‘ತಮನು’ ಎಂಬ ತಾಹಿತಿ ದ್ವೀಪದ ಹೆಸರಿನಿಂದ ಮಾರಾಟವಾಗುವ ಚರ್ಮತೈಲದ ಕಥೆಯೂ ಇಂಥದೇ. ಅದು ಸುರಹೊನ್ನೆಯ ಬೀಜದ ಎಣ್ಣೆ. ದಾವಣಗೆರೆ ಜಿಲ್ಲೆಯ ನ್ಯಾಮತಿಯ ಮಗ್ಗುಲಲ್ಲಿ ಈ ಮರದ ಹೆಸರನ್ನೇ ಹೊತ್ತ ಊರೊಂದಿದೆ.

ಸಂಸ್ಕೃತದಲ್ಲಿ ಪುನ್ನಾಗವೆನಿಸಿಕೊಂಡ ಸುರಹೊನ್ನೆ ಮೂಲತಃ ಕಡಲಂಚಿನ ಮರ. ನೆಟ್ಟು ಸಲಹಿದರೆ ಒಳನಾಡಿನಲ್ಲೂ ಬೆಳೆಯುತ್ತದೆ. ಮಿರುಗುವ ದಟ್ಟ ಹಸಿರೆಲೆ; ಬಿಳಿಯ ಎಸಳುಗಳ ನಡುವೆ ಹೊಂಬಣ್ಣದ ಕೇಸರ; ಜೊತೆಗೆ ಇನಿಗಂಪು. ಕಾಯೊಳಗಿನ ತಿರುಳನ್ನು ವಾರಗಟ್ಟಲೆ ಒಣಗಿಸಿದ ಮೇಲೆಯೇ ಹಸಿರು ಛಾಯೆಯ ಮಂದವಾದ ಎಣ್ಣೆ ದೊರೆಯುತ್ತದೆ. ಹಿಂದೆ ಇದು ದೀಪಕ್ಕೂ ಹುಣ್ಣು-ಗಾಯಗಳಿಗೂ ಒದಗುತ್ತಿತ್ತು. ಆದರೆ ಸೇವನೆಗೆ ಸಲ್ಲದು. ಕೆಲವರ ಚರ್ಮಕ್ಕೆ ತುರಿಕೆ ತರುವುದುಂಟಾದ್ದರಿಂದ ಮೊದಲು ಮುಂಗೈಗೆ ತುಸು ಹಚ್ಚಿ ನೋಡುವುದು ಕ್ಷೇಮ.

ಹೂವಿನ ಚೆಲುವನ್ನಷ್ಟೇ ನೋಡಿ ಮರ ನೆಡುವವರಿಗೆ ಅಮೆರಿಕದಲ್ಲೊಂದು ಪಾಠವಿದೆ. ಚೀನಾ ಮೂಲದ ‘ಕ್ಯಾಲೆರಿ’ ಎಂಬ ಅಲಂಕಾರದ ಪೇರ್ ಮರವನ್ನು 1960ರ ದಶಕದಿಂದ ಅಲ್ಲಿನ ಬೀದಿಗಳಲ್ಲಿ ಬೆಳೆಸಿದರು. ಬಿಳಿ ಹೂವೇನೋ ಮೋಹಕ. ವಾಸನೆ ಮಾತ್ರ ಅಸಹ್ಯ! ಅದು ಕಾಡುಮೇಡುಗಳಿಗೂ ಹಬ್ಬಿದ್ದರಿಂದ ಒಹಾಯೊ ರಾಜ್ಯವು 2023ರಲ್ಲಿ ಅದರ ಮಾರಾಟವನ್ನೇ ನಿಷೇಧಿಸಿತು.

ನೆರಳು, ಕಂಪು, ಎಣ್ಣೆ ಮೂರನ್ನೂ ಕೊಡುವ ಸುರಹೊನ್ನೆಯಾದರೋ ನಮ್ಮ ನಾಡಿನದೇ ಮರ. ಅದು ಊರಿನ ಫಲಕದಲ್ಲಿ ಮಾತ್ರ ಉಳಿಯದೆ ಶಾಲೆಯ ಅಂಗಳದಲ್ಲೂ ಅರಳಲಿ.